ಕೆರೆಯನ್ನೇ ಕಾಣದ ಕಪ್ಪೆ

ರೋಹಿಣಿ ಮಳೆ ಬಿದ್ದ ಮರುದಿನ ಸಂಜೆ. ಶಿರಹಟ್ಟಿ ಕಡೆಯ ನಮ್ಮ ಕಾಕಾರ ಹೊಲದ ಬದುವಿನ ಮೇಲೆ ಕೂತಿದ್ದೆವು. ಹೊಲದ ಮೂಲೆಯ ಕೃಷಿ ಹೊಂಡದಲ್ಲಿ ಮೊಣಕಾಲಷ್ಟು ಕೆಂಪು ನೀರು ನಿಂತಿತ್ತು. ಅದರ ಸುತ್ತ ಮೈಗೆಲ್ಲ ಅರಿಶಿನ ಬಳಿದುಕೊಂಡಂಥ ದೊಡ್ಡ ದೊಡ್ಡ ಕಪ್ಪೆಗಳು. ಗಂಟಲಿನ ಎರಡೂ ಬದಿಗೆ ನೀಲಿ ಚೀಲ ಉಬ್ಬಿಸಿ ಒಂದೇ ಸಮನೆ ಕೂಗುತ್ತಿದ್ದವು. ನಮ್ಮ ಮಾತು ನಮಗೇ ಕೇಳದಷ್ಟು ಗದ್ದಲ. ನಿನ್ನೆ ಮೊನ್ನೆಯವರೆಗೆ ಈ ಕಪ್ಪೆಗಳು ಎಲ್ಲಿದ್ದವು ಅಂತ ಯಾರಿಗಾದರೂ ಅನ್ನಿಸಬೇಕು.

"ಎಲ್ಲೇ ಇರಲಿ, ಕಪ್ಪಿ ಅಂದಮ್ಯಾಲೆ ನೀರು ಬೇಕಾ ಬೇಕು," ಅಂದರು ಕಾಕಾ.

"ಎಲ್ಲಾ ಕಪ್ಪಿಗೂ ಬ್ಯಾಡ ಕಾಕಾ," ಅಂದೆ. "ಕೇರಳದೊಳಗ ಒಂದು ಗುಡ್ಡದ ನೆತ್ತಿ ಮ್ಯಾಲೆ ಒಂದು ಕಪ್ಪಿ ಐತಿ. ಹುಟ್ಟಿದಾಗಿಂದ ಸಾಯೂತನಕ ಅದು ಕೆರಿ ನೋಡಂಗಿಲ್ಲ, ಹೊಂಡಾನೂ ನೋಡಂಗಿಲ್ಲ."

"ಹಂಗಾದ್ರ ಅದರ ಮರಿ ಎಲ್ಲಿ ಈಜತಾವ?"

ಕೇಳಬೇಕಾದ ಪ್ರಶ್ನೆಯೇ ಅದು. ಆ ಸಂಜೆ ಕಾಕಾರಿಗೆ ಹೇಳಿದ್ದನ್ನು ಸ್ವಲ್ಪ ಬಿಡಿಸಿ ಇಲ್ಲಿ ಬರೆಯುತ್ತಿದ್ದೇನೆ. ಆ ಕಪ್ಪೆಯನ್ನು ತಿಳಿಯಬೇಕಾದರೆ ಅದು ಕೂತಿರುವ ಹುಲ್ಲನ್ನೂ ತಿಳಿಯಬೇಕು. ಹುಲ್ಲಿನ ಮಾತು ಬಂದರೆ ನಮ್ಮ ಜೋಳದ ಹೊಲ, ನಮ್ಮ ಊರಿನ ದನ ಮೇಯುವ ಗಾಯರಾಣ ಎಲ್ಲವೂ ಬರುತ್ತವೆ.

ಮೊದಲು ಕಪ್ಪೆ.

ಪಶ್ಚಿಮ ಘಟ್ಟದ ಅತಿ ಎತ್ತರದ ಶಿಖರ ಆನಮುಡಿ. ಕೇರಳದ ಇಡುಕ್ಕಿ ಜಿಲ್ಲೆಯಲ್ಲಿ, ಮುನ್ನಾರಿನ ಹತ್ತಿರ ಇದೆ. ಎತ್ತರ 2,695 ಮೀಟರ್. ಹಿಮಾಲಯದಿಂದ ದಕ್ಷಿಣಕ್ಕೆ ಭಾರತದಲ್ಲಿ ಇದಕ್ಕಿಂತ ಎತ್ತರದ ಜಾಗ ಇಲ್ಲ. ಹೆಸರು ಮಲಯಾಳಂನದ್ದು. ಆದರೆ ಆನೆ, ಮುಡಿ ಎರಡೂ ನಮಗೆ ಗೊತ್ತಿರುವ ಮಾತುಗಳೇ ಅಲ್ವಾ? ದೂರದಿಂದ ನೋಡಿದರೆ ಬಂಡೆಯ ಆಕಾರವೂ ಆನೆಯ ತಲೆಯ ಹಾಗೇ ಕಾಣುತ್ತದೆ.

ಈ ನೆತ್ತಿಯ ಹುಲ್ಲಿನಲ್ಲಿ ಒಂದು ಪುಟ್ಟ ಕಪ್ಪೆ ಇದೆ. ಉದ್ದ ಹೆಚ್ಚೂಕಡಿಮೆ ಒಂದು ಇಂಚು. ಬಣ್ಣ ಕೆಂಡದಂಥ ಕಿತ್ತಳೆ, ಕೆಲವೊಮ್ಮೆ ಕೆಂಪಿಗೇ ತಿರುಗಿರುತ್ತದೆ. ಬೆನ್ನಿನ ಮೇಲೆ, ಕಾಲುಗಳ ಮೇಲೆ ಉಬ್ಬಿಕೊಂಡ ದಪ್ಪ ಗ್ರಂಥಿಗಳು. ಕಾಲುಗಳು ತೀರಾ ಗಿಡ್ಡ. ಹಾಗಾಗಿ ಇದು ಬೇರೆ ಕಪ್ಪೆಗಳ ಹಾಗೆ ನೆಗೆಯುವುದಿಲ್ಲ. ಹುಲ್ಲಿನ ಬುಡದಲ್ಲಿ ನಿಧಾನವಾಗಿ ತೆವಳಿಕೊಂಡು ನಡೆಯುತ್ತದೆ. ಕಪ್ಪೆ ಅಂದ ಕೂಡಲೆ ಮಕ್ಕಳು ಎರಡು ಕೈ ನೆಲಕ್ಕೂರಿ ಕುಪ್ಪಳಿಸಿ ತೋರಿಸುತ್ತಾರೆ. ಈ ಕಪ್ಪೆಗೆ ಆ ಆಟ ಒಪ್ಪುವುದಿಲ್ಲ.

2010ರಲ್ಲಿ ಕಪ್ಪೆ ಸಂಶೋಧಕ ಎಸ್.ಡಿ. ಬಿಜು ಮತ್ತು ಅವರ ಸಂಗಡಿಗರು ಇದನ್ನು ಹೊಸ ಪ್ರಭೇದ ಅಂತ ಜಗತ್ತಿಗೆ ತಿಳಿಸಿದರು. ಇಟ್ಟ ಹೆಸರು ರಾವೋರ್ಕೆಸ್ಟಿಸ್ ರೆಸ್‌ಪ್ಲೆಂಡೆನ್ಸ್. ಎರಡನೇ ಪದದ ಅರ್ಥ ಹೊಳೆಯುವಂಥದ್ದು. ಮೊದಲನೇ ಪದದೊಳಗೆ ಒಬ್ಬ ಕನ್ನಡ ನಾಡಿನ ಮೇಷ್ಟ್ರು ಇದ್ದಾರೆ. ಅವರ ವಿಷಯಕ್ಕೆ ಆಮೇಲೆ ಬರುತ್ತೇನೆ. ಈಗ ಕಾಕಾರ ಪ್ರಶ್ನೆ.

ಬುತ್ತಿ ಕಟ್ಟಿಕೊಂಡು ಹುಟ್ಟುವ ಮರಿ

ನಮ್ಮ ಹೊಂಡದ ಹಳದಿ ಕಪ್ಪೆ ಒಂದು ಸಲಕ್ಕೆ ಸಾವಿರಗಟ್ಟಲೆ ಮೊಟ್ಟೆ ಇಡುತ್ತದೆ. ಮೊಟ್ಟೆ ಸಣ್ಣದು. ಅದರೊಳಗೆ ಆಹಾರವೂ ಸ್ವಲ್ಪವೇ. ಹಾಗಾಗಿ ಮರಿ ಬೇಗ ಹೊರಗೆ ಬಂದು ತಾನೇ ತಿಂದು ಬೆಳೆಯಬೇಕು. ಅದೇ ಗೊದಮೊಟ್ಟೆ. ಬಾಲ ಇದೆ, ಕಿವಿರು ಇದೆ, ಕಾಲಿಲ್ಲ. ಮೀನಿನ ಹಾಗೆ ಬದುಕುತ್ತದೆ. ಆಮೇಲೆ ಕಾಲು ಮೂಡಿ, ಬಾಲ ಕರಗಿ ದಡಕ್ಕೆ ಬರುತ್ತದೆ. ಅಷ್ಟರೊಳಗೆ ಹೊಂಡ ಒಣಗಿದರೆ ಎಲ್ಲ ಮುಗಿಯಿತು. ನಮ್ಮ ಬಯಲುಸೀಮೆಯ ಕಪ್ಪೆಯ ಬದುಕು ಅಂದರೆ ಬಿಸಿಲಿನ ಜೊತೆ ಓಟ. ಮೊದಲ ಮಳೆಗೇ ಅಷ್ಟು ಜೋರಾಗಿ ಕೂಗುವುದು ಅದಕ್ಕೇ. ಅವಕ್ಕೆ ಕಾಯುವಷ್ಟು ಹೊತ್ತಿಲ್ಲ.

ಆನಮುಡಿಯ ಕಪ್ಪೆ ಹಿಡಿದ ದಾರಿಯೇ ಬೇರೆ. ಹುಲ್ಲಿನ ನಡುವೆ ಅಲ್ಲಲ್ಲಿ ಕುಳ್ಳ ಜಾತಿಯ ಬಿದಿರಿನ ಮೆಳೆಗಳಿವೆ. ಅವುಗಳ ಬುಡದೊಳಗೆ, ಹೊರಗಿನಿಂದ ಕಾಣದ ತೇವದ ಸಂದಿಯಲ್ಲಿ ಅದು ಮೊಟ್ಟೆ ಇಡುತ್ತದೆ. ಸಾವಿರ ಅಲ್ಲ, ಕೆಲವೇ ಕೆಲವು. ಆದರೆ ಒಂದೊಂದು ಮೊಟ್ಟೆಯಲ್ಲೂ ಹಳದಿ ಲೋಳೆ ಜಾಸ್ತಿ. ತಾಯಿ ಮರಿಗೆ ಮೊದಲೇ ಬುತ್ತಿ ಕಟ್ಟಿ ಕಳಿಸಿದ ಹಾಗೆ. ಮರಿ ಆ ಬುತ್ತಿಯನ್ನೇ ತಿಂದು ಮೊಟ್ಟೆಯೊಳಗೇ ಬೆಳೆಯುತ್ತದೆ. ಈಜುವ ಗೊದಮೊಟ್ಟೆಯ ಹಂತವೇ ಇಲ್ಲ. ಕಾಲು ಮೂಡುವುದೂ ಅಲ್ಲೇ, ಬಾಲ ಕರಗುವುದೂ ಅಲ್ಲೇ. ಕೊನೆಗೆ ಮೊಟ್ಟೆ ಒಡೆದಾಗ ಹೊರಗೆ ಬರುವುದು ಪೂರ್ತಿ ಕಪ್ಪೆ, ಕಾಳಿನಷ್ಟು ಸಣ್ಣದು ಅಷ್ಟೇ.

"ಅಂದ್ರ ತತ್ತೀನ ಅದರ ಕೆರಿ," ಅಂದರು ಕಾಕಾ. ಇದಕ್ಕಿಂತ ಚೆನ್ನಾಗಿ ನಾನು ಹೇಳಲಾರೆ.

ಇದು ಆನಮುಡಿಯ ಕಪ್ಪೆ ಒಂದರದ್ದೇ ಜಾಣತನ ಅಲ್ಲ. ಅದರ ಕುಲದ ಪೊದೆಗಪ್ಪೆಗಳೆಲ್ಲ ಹೀಗೇ ಹುಟ್ಟುತ್ತವೆ. ಕೆಲವು ಎಲೆಗೆ ಅಂಟಿಸುತ್ತವೆ, ಕೆಲವು ನೆಲದ ತರಗಿನಡಿ ಇಡುತ್ತವೆ, ಇನ್ನು ಕೆಲವು ಬಿದಿರಿನ ಗಣಿಕೆಯೊಳಗೆ ಸಣ್ಣ ತೂತಿನಿಂದ ಹೊಕ್ಕು ಅಲ್ಲೇ ಮೊಟ್ಟೆ ಇಡುತ್ತವೆ. ಎಲ್ಲಕ್ಕೂ ಒಂದೇ ಷರತ್ತು. ಮೊಟ್ಟೆ ಒಣಗಬಾರದು. ಕೋಳಿ ಮೊಟ್ಟೆಗೆ ಗಟ್ಟಿ ಚಿಪ್ಪಿದೆ, ಒಳಗಿನ ತೇವ ಬೇಗ ಹೊರಗೆ ಹೋಗುವುದಿಲ್ಲ. ಕಪ್ಪೆಯ ಮೊಟ್ಟೆಗೆ ಇರುವುದು ಲೋಳೆಯ ಹೊದಿಕೆ ಮಾತ್ರ. ಒಂದು ದಿನ ಒಣ ಗಾಳಿ ಬೀಸಿದರೂ ಅದು ಸುಕ್ಕುಗಟ್ಟುತ್ತದೆ.

ಕಪ್ಪೆಯ ಚರ್ಮವೂ ಹಾಗೇ. ಕಪ್ಪೆ ಬಾಯಿಂದ ನೀರು ಕುಡಿಯುವುದಿಲ್ಲ. ಚರ್ಮದಿಂದಲೇ ಹೀರಿಕೊಳ್ಳುತ್ತದೆ. ಉಸಿರಾಟದ ಒಂದು ಪಾಲೂ ಚರ್ಮದ ಮೂಲಕವೇ ನಡೆಯುತ್ತದೆ, ಅದಕ್ಕೆ ಚರ್ಮ ಒದ್ದೆ ಇರಬೇಕು. ಅಂದರೆ ಈ ಕಪ್ಪೆ ಕೆರೆಯನ್ನು ಬಿಟ್ಟಿದೆಯೇ ಹೊರತು ನೀರನ್ನು ಬಿಟ್ಟಿಲ್ಲ. ಅದರ ನೀರು ಗಾಳಿಯಲ್ಲಿದೆ. ಮಂಜಾಗಿ, ಜಿಟಿಜಿಟಿ ಮಳೆಯಾಗಿ, ಹುಲ್ಲಿನ ತುದಿಯ ಹನಿಯಾಗಿ ಇದೆ. ಎಲ್ಲಿ ಗಾಳಿಯೇ ಸದಾ ಒದ್ದೆಯೋ ಅಲ್ಲಿ ಮಾತ್ರ ಇದು ಬದುಕಬಹುದು.

ಅಂಥ ಗಾಳಿ ಇರುವುದು ಎತ್ತರದಲ್ಲಿ. ಮೇಲೆ ಹೋದ ಹಾಗೆ ಗಾಳಿ ತಣ್ಣಗಾಗುತ್ತದೆ. ಸರಾಸರಿ ಲೆಕ್ಕ ಹಿಡಿದರೆ ಪ್ರತಿ 1,000 ಮೀಟರಿಗೆ ಸುಮಾರು 6.5 ಡಿಗ್ರಿ ಕಡಿಮೆ. ನಮ್ಮ ಧಾರವಾಡ ಸಮುದ್ರ ಮಟ್ಟದಿಂದ ಸುಮಾರು 750 ಮೀಟರ್ ಎತ್ತರದಲ್ಲಿದೆ. ಆನಮುಡಿ ಅದಕ್ಕಿಂತ ಇನ್ನೂ 1,900 ಮೀಟರಿಗೂ ಮೇಲೆ. ಈ ಲೆಕ್ಕಕ್ಕೇ ಅಲ್ಲಿ ಧಾರವಾಡಕ್ಕಿಂತ 12 ಡಿಗ್ರಿ ಜಾಸ್ತಿ ತಂಪು. ಅರಬ್ಬಿ ಸಮುದ್ರದಿಂದ ಬರುವ ತೇವದ ಗಾಳಿ ಗುಡ್ಡಕ್ಕೆ ಬಡಿದು ಮೇಲೇರುತ್ತದೆ, ತಣ್ಣಗಾಗುತ್ತದೆ, ಅಲ್ಲೇ ಮೋಡವಾಗಿ ಹುಲ್ಲಿನ ಮೇಲೆ ಕೂರುತ್ತದೆ. ಕೆಳಗಿನಿಂದ ನೋಡುವವರಿಗೆ ಅದು ಮೋಡ, ಮೇಲಿರುವ ಕಪ್ಪೆಗೆ ಅದು ಕುಡಿಯುವ ನೀರು.

ಹುಲ್ಲು ಯಾಕೆ, ಕಾಡು ಯಾಕಲ್ಲ?

ಇಲ್ಲಿ ನನಗೆ ಬಹಳ ದಿನ ಒಂದು ಅನುಮಾನ ಇತ್ತು. ಅಷ್ಟು ಮಳೆ, ಅಷ್ಟು ಮಂಜು. ಹಾಗಿದ್ದರೂ ಆ ಗುಡ್ಡಗಳ ಮೈಯೆಲ್ಲ ಹುಲ್ಲು ಯಾಕೆ? ದಟ್ಟ ಕಾಡು ಇರಬೇಕಿತ್ತಲ್ಲ? ಕಾಡು ಇದೆ. ಆದರೆ ಗುಡ್ಡಗಳ ನಡುವಿನ ಮಡಿಲುಗಳಲ್ಲಿ, ತೊರೆಯ ಬದಿಯಲ್ಲಿ ಮಾತ್ರ. ಅದಕ್ಕೆ ಶೋಲಾ ಅನ್ನುತ್ತಾರೆ. ಮರಗಳು ಕುಳ್ಳಗೆ, ಒತ್ತೊತ್ತಾಗಿ ಬೆಳೆದಿರುತ್ತವೆ. ಆ ಕಾಡಿನ ಅಂಚಿನಲ್ಲಿ ಒಂದು ಗೆರೆ ಎಳೆದ ಹಾಗೆ ಮರ ನಿಲ್ಲುತ್ತದೆ, ಹುಲ್ಲು ಶುರುವಾಗುತ್ತದೆ. ನಮ್ಮ ಕುದುರೆಮುಖ, ಬಾಬಾಬುಡನ್‌ಗಿರಿ ನೋಡಿದವರಿಗೆ ಈ ಚಿತ್ರ ಗೊತ್ತು.

ಯಾರೋ ಮರ ಕಡಿದದ್ದರಿಂದ ಹುಲ್ಲು ಬಂತು ಅಂತ ಬಹಳ ಜನ ತಿಳಿದಿದ್ದರು. ಹುಲ್ಲುಗಾವಲು ಅಂದರೆ ಹಾಳಾದ ಕಾಡು, ಅಲ್ಲಿ ಮರ ನೆಟ್ಟರೆ ಸರಿಹೋಗುತ್ತದೆ ಅನ್ನುವ ಯೋಚನೆ. ಅದು ತಪ್ಪು ಅಂತ ತೋರಿಸಿದ ಸಾಕ್ಷಿ ನನಗೆ ತುಂಬಾ ಇಷ್ಟ. ಯಾಕೆಂದರೆ ಅದನ್ನು ನಮ್ಮ ಜೋಳದಿಂದಲೇ ವಿವರಿಸಬಹುದು.

ಗಿಡಗಳು ಗಾಳಿಯಿಂದ ಇಂಗಾಲ ತೆಗೆದುಕೊಂಡು ಮೈ ಕಟ್ಟಿಕೊಳ್ಳುತ್ತವೆ. ಇಂಗಾಲದಲ್ಲಿ ಹಗುರವಾದದ್ದು ಒಂದು, ಸ್ವಲ್ಪ ಭಾರವಾದದ್ದು ಒಂದು. 12 ಮತ್ತು 13 ಅಂತ ಅವುಗಳ ಲೆಕ್ಕ. ಗಾಳಿಯಲ್ಲಿ ಭಾರದ್ದು ಬಹಳ ಕಡಿಮೆ, ನೂರರಲ್ಲಿ ಒಂದರಷ್ಟು. ಮರಗಳು, ಭತ್ತ, ಗೋಧಿ, ಕಡಲೆ, ಹತ್ತಿ ಇವೆಲ್ಲ ಭಾರದ ಇಂಗಾಲವನ್ನು ಹೆಚ್ಚಾಗಿ ಹೊರಗೇ ಬಿಡುತ್ತವೆ. ಆದರೆ ಜೋಳ, ಸಜ್ಜೆ, ಗೋವಿನಜೋಳ, ಕಬ್ಬು ಹಾಗಲ್ಲ. ಅವು ಇಂಗಾಲ ಹಿಡಿಯುವ ರೀತಿಯೇ ಬೇರೆ. ಬಿಸಿಲು ಹೆಚ್ಚಿದ್ದು ನೀರು ಕಡಿಮೆ ಇದ್ದರೂ ಅವು ಬೆಳೆಯುತ್ತವೆ. ಅವುಗಳ ಮೈಯಲ್ಲಿ ಭಾರದ ಇಂಗಾಲದ ಪಾಲು ಮರಗಳಿಗಿಂತ ಸ್ವಲ್ಪ ಜಾಸ್ತಿ. ಜೋಳದ ರೊಟ್ಟಿಯನ್ನೂ ಗೋಧಿ ಚಪಾತಿಯನ್ನೂ ಪ್ರಯೋಗಾಲಯಕ್ಕೆ ಕೊಟ್ಟರೆ, ನೋಡದೇ, ರುಚಿ ಮಾಡದೇ ಯಾವುದು ಯಾವುದು ಅಂತ ಇಂಗಾಲದಿಂದಲೇ ಹೇಳಿಬಿಡುತ್ತಾರೆ.

ಬಿಸಿನಾಡಿನ ಬಹುಪಾಲು ಹುಲ್ಲುಗಳೂ ಜೋಳದ ಗುಂಪಿನವೇ. ಈಗ ಯೋಚಿಸಿ. ಎತ್ತರದ ಗುಡ್ಡಗಳ ನಡುವೆ ನೀರು ನಿಲ್ಲುವ ಕೆಸರು ಜಾಗಗಳಿವೆ. ಅಲ್ಲಿ ಸತ್ತ ಗಿಡಗಳು ಪೂರ್ತಿ ಕೊಳೆಯುವುದಿಲ್ಲ. ವರ್ಷದ ಮೇಲೆ ವರ್ಷ, ಪದರದ ಮೇಲೆ ಪದರವಾಗಿ ಕಪ್ಪಗೆ ಕೂರುತ್ತವೆ. ಕೆಳಗಿನ ಪದರ ಹಳೆಯದು, ಮೇಲಿನದು ಹೊಸದು. ಒಂದೊಂದು ಪದರದ ಇಂಗಾಲ ನೋಡಿದರೆ ಆ ಕಾಲದಲ್ಲಿ ಅಲ್ಲಿ ಹುಲ್ಲು ಜಾಸ್ತಿ ಇತ್ತಾ, ಮರ ಜಾಸ್ತಿ ಇತ್ತಾ ಅಂತ ಗೊತ್ತಾಗುತ್ತದೆ.

ಪರಿಸರ ವಿಜ್ಞಾನಿ ಆರ್. ಸುಕುಮಾರ್ ಮತ್ತು ಅವರ ಜೊತೆಗಾರರು ನೀಲಗಿರಿಯ ಇಂಥ ಕೆಸರುಮಣ್ಣನ್ನು ಹೀಗೇ ಓದಿದರು. 1993ರಲ್ಲಿ ಅದನ್ನು ಪ್ರಕಟಿಸಿದರು. ಸುಮಾರು 20,000 ವರ್ಷಗಳ ಕಥೆ ಅದರಲ್ಲಿತ್ತು. ಹವೆ ಒಣಗಿದ ಕಾಲದಲ್ಲಿ ಹುಲ್ಲು ಹರಡಿದೆ. ತೇವ ಹೆಚ್ಚಿದ ಕಾಲದಲ್ಲಿ ಇನ್ನೊಂದು ಗುಂಪಿನ ಗಿಡಗಳು ಮುಂದೆ ಬಂದಿವೆ. ಆ ಬೆಟ್ಟಗಳಲ್ಲಿ ಬೇಸಾಯ ಇರಲಿ, ಬೇಸಾಯ ಅನ್ನುವ ಯೋಚನೆಯೇ ಮನುಷ್ಯರಿಗೆ ಬಂದಿರದ ಕಾಲದಿಂದ ಅಲ್ಲಿ ಹುಲ್ಲು ಇದೆ. ಕೊಡಲಿಯಿಂದ ಹುಟ್ಟಿದ ಹುಲ್ಲಲ್ಲ ಅದು.

ಹಾಗಾದರೆ ಇವತ್ತು ಮರ ಯಾಕೆ ಹುಲ್ಲಿನೊಳಗೆ ನುಗ್ಗುವುದಿಲ್ಲ? ಗಾಳಿ, ಬೆಂಕಿ, ತೆಳು ಮಣ್ಣು ಎಲ್ಲಕ್ಕೂ ಪಾಲಿದೆ. ಇವುಗಳ ಜೊತೆ ಒಂದು ಬಲವಾದ ಕಾರಣ ಚಳಿಗಾಲದ ರಾತ್ರಿಯ ಹಿಮ. ನಮ್ಮಲ್ಲಿ ಹಿಂಗಾರಿ ಕಡಲೆ ಹೊಲಕ್ಕೆ ಬೆಳಗಿನ ಜಾವ ಹೋದವರಿಗೆ ಇದು ಸುಲಭವಾಗಿ ತಿಳಿಯುತ್ತದೆ. ಬಯಲಿನ ಕಡಲೆ ಗಿಡದ ಮೇಲೆ ಇಬ್ಬನಿ ತೊಟ್ಟಿಕ್ಕುತ್ತಿರುತ್ತದೆ. ಬದುವಿನ ಬೇವಿನ ಮರದ ಕೆಳಗೆ ನೆಲ ಒಣಗಿರುತ್ತದೆ. ಬಯಲು ನೆಲ ರಾತ್ರಿ ತನ್ನ ಬಿಸಿಯನ್ನೆಲ್ಲ ಆಕಾಶಕ್ಕೆ ಬಿಟ್ಟುಕೊಡುತ್ತದೆ, ಮರದ ಕೆಳಗಿನ ನೆಲಕ್ಕೆ ಕೊಂಬೆಗಳೇ ಕಂಬಳಿ. ಎತ್ತರದ ಗುಡ್ಡದಲ್ಲೂ ಇದೇ ನಡೆಯುತ್ತದೆ. ಆದರೆ ಅಲ್ಲಿ ಇಬ್ಬನಿ ಹೆಪ್ಪುಗಟ್ಟುತ್ತದೆ. ಬಯಲಿನಲ್ಲಿ ಮೊಳೆತ ಶೋಲಾ ಮರದ ಸಸಿ ಆ ಹಿಮಕ್ಕೆ ಸುಟ್ಟ ಹಾಗಾಗಿ ಸಾಯುತ್ತದೆ. ಹುಲ್ಲಿನ ಜೀವ ನೆಲದೊಳಗಿನ ಬುಡದಲ್ಲಿದೆ. ತುದಿ ಸುಟ್ಟರೂ ಮಳೆಗೆ ಮತ್ತೆ ಚಿಗುರುತ್ತದೆ. ಕಾಡಿನೊಳಗೆ ಬಿದ್ದ ಬೀಜ ದೊಡ್ಡ ಮರಗಳ ಕಂಬಳಿಯಡಿ ಬದುಕುತ್ತದೆ. ಗಡಿ ಹಾಗೇ ಉಳಿಯುತ್ತದೆ.

ಆನಮುಡಿಯ ಕಪ್ಪೆ ಅಂಥ ರಾತ್ರಿಗಳನ್ನು ಕಳೆಯುವುದು ಈ ಹುಲ್ಲಿನಲ್ಲೇ. ಹುಲ್ಲಿನ ದಟ್ಟ ಬುಡ, ಬಿದಿರು ಮೆಳೆಯ ಒಳಗು ಅದರ ಮನೆ.

ತಲೆಕೆಳಗಾದ ಬಾವಿ

ಬಾವಿಯೊಳಗಿನ ಕಪ್ಪೆ ಅಂತ ನಾವು ಯಾರನ್ನಾದರೂ ಬೈಯುತ್ತೇವೆ. ತನ್ನ ಬಾವಿಯೇ ಲೋಕ ಅಂದುಕೊಂಡವನು ಅಂತ. ಈ ಕಪ್ಪೆಯ ವಿಷಯದಲ್ಲಿ ಆ ಮಾತನ್ನು ತಿರುವಿ ಹಾಕಿ ನೋಡಬೇಕು. ಬಾವಿ ನೆಲದೊಳಗೆ ಇಳಿದಿರುತ್ತದೆ. ಆನಮುಡಿ ನೆಲದಿಂದ ಮೇಲೆದ್ದಿದೆ. ಆದರೆ ಕಪ್ಪೆಯ ಪಾಲಿಗೆ ಎರಡೂ ಒಂದೇ, ಹೊರಗೆ ಹೋಗಲು ದಾರಿ ಇಲ್ಲ.

ಗುಡ್ಡ ಇಳಿಯುತ್ತಾ ಹೋದರೆ ಗಾಳಿ ಬೆಚ್ಚಗಾಗುತ್ತದೆ. ಇನ್ನೂ ಇಳಿದರೆ ಚಹಾ ತೋಟ, ರಸ್ತೆ, ಊರು. ಆಚೆಗೆ ಇನ್ನೊಂದು ಎತ್ತರದ ಗುಡ್ಡ ಕಾಣುತ್ತದೆ, ಆದರೆ ನಡುವಿನ ಕಣಿವೆಯನ್ನು ಒಂದಿಂಚಿನ, ತೆವಳುವ ಕಪ್ಪೆ ದಾಟಲಾರದು. ಸಮುದ್ರದ ನಡುವಿನ ದ್ವೀಪದ ಹಾಗೆ, ಬಿಸಿ ಬಯಲಿನ ನಡುವೆ ತಂಪಿನ ದ್ವೀಪ. ವಿಜ್ಞಾನಿಗಳು ಇಂಥ ಬೆಟ್ಟಗಳಿಗೆ ಆಕಾಶ ದ್ವೀಪ ಅನ್ನುತ್ತಾರೆ. ಆ ಹೆಸರು ನಿಜಕ್ಕೂ ಚೆಂದ.

ಹೀಗೆ ಬೇರೆ ಬೇರೆ ಗುಡ್ಡಗಳಲ್ಲಿ ಸಿಕ್ಕಿಕೊಂಡ ಜೀವಿಗಳು ಲಕ್ಷಾಂತರ ವರ್ಷಗಳಲ್ಲಿ ಬೇರೆ ಬೇರೆ ಪ್ರಭೇದಗಳೇ ಆಗಿಬಿಡುತ್ತವೆ. ಪೊದೆಗಪ್ಪೆಗಳ ಕುಲದಲ್ಲಿ ಈಗ 70ಕ್ಕೂ ಹೆಚ್ಚು ಪ್ರಭೇದಗಳು ಗೊತ್ತು. ಅವುಗಳಲ್ಲಿ ಬಹುಪಾಲು ಪಶ್ಚಿಮ ಘಟ್ಟದವು. 2014ರಲ್ಲಿ ಒಂದೇ ಸಂಶೋಧನಾ ಲೇಖನದಲ್ಲಿ 9 ಹೊಸ ಪೊದೆಗಪ್ಪೆಗಳನ್ನು ವಿವರಿಸಿದ್ದರು. ಪಾಲಕ್ಕಾಡಿನ ಕಣಿವೆಯಂಥ ತಗ್ಗುಗಳು, ಹಿಮಯುಗಗಳಲ್ಲಿ ಹವೆ ಬದಲಾದದ್ದು, ಬೆಟ್ಟಗಳ ಎತ್ತರ ಎಲ್ಲ ಸೇರಿ ಈ ಕಪ್ಪೆಗಳನ್ನು ಬೇರೆ ಬೇರೆ ಮಾಡಿವೆ.

ಈ ಕುಲದ ಒಂದು ಕಪ್ಪೆ ನಮ್ಮ ಹತ್ತಿರವೇ ಇದೆ ಅಂತ ತಿಳಿದಾಗ ನನಗೆ ಆದ ಖುಷಿ ಅಷ್ಟಿಷ್ಟಲ್ಲ. ಹುಬ್ಬಳ್ಳಿಯಿಂದ ಗೋವಾಕ್ಕೆ ರೈಲಿನಲ್ಲಿ ಹೋದವರಿಗೆ ಲೋಂಡಾ ದಾಟಿದ ಮೇಲೆ ಬರುವ ಕ್ಯಾಸಲ್‌ರಾಕ್ ಸ್ಟೇಷನ್ ಗೊತ್ತೇ ಇದೆ. 1919ರಲ್ಲಿ ಆನಂಡೇಲ್ ಎಂಬ ಪ್ರಾಣಿವಿಜ್ಞಾನಿ ಕ್ಯಾಸಲ್‌ರಾಕಿನ ಒಂದು ಪೊದೆಗಪ್ಪೆಯನ್ನು ಹೊಸದೆಂದು ವಿವರಿಸಿದರು. ಆಗ ಆ ಜಾಗ ಮುಂಬೈ ಪ್ರಾಂತ್ಯದಲ್ಲಿತ್ತು. ಹಾಗಾಗಿ ಕಪ್ಪೆಗೂ ಬಾಂಬೆಯ ಹೆಸರೇ ಬಂತು. ರಾವೋರ್ಕೆಸ್ಟಿಸ್ ಬಾಂಬೆಯೆನ್ಸಿಸ್. ಆನಮುಡಿಯ ಕೆಂಪು ಕಪ್ಪೆಯೂ ಕ್ಯಾಸಲ್‌ರಾಕಿನ ಈ ಕಪ್ಪೆಯೂ ಒಂದೇ ಮನೆತನದವು. ಮಳೆಗಾಲದಲ್ಲಿ ರೈಲು ಅಲ್ಲಿ ನಿಂತಾಗ ಕಿಟಕಿ ತೆಗೆದು ಕೂತರೆ ಪೊದೆಗಳ ಕಡೆಗೂ ಸ್ವಲ್ಪ ಕಿವಿ ಕೊಡಿ.

ಈಗ ಆ ಮೇಷ್ಟ್ರ ವಿಷಯ. ಸಿ.ಆರ್. ನಾರಾಯಣ ರಾವ್, 1882ರಿಂದ 1960. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಪ್ರಾಣಿವಿಜ್ಞಾನ ಕಲಿಸಿದವರು. ಕಪ್ಪೆಗಳನ್ನು ಯಾರೂ ಗಮನಿಸದ ಕಾಲದಲ್ಲಿ ಅವರು ಮಲೆನಾಡಿನ ಕಪ್ಪೆಗಳನ್ನು ಒಂದೊಂದಾಗಿ ನೋಡಿ, ಅಳೆದು, ಬರೆದಿಟ್ಟರು. 1937ರಲ್ಲಿ ಅವರು ವಿವರಿಸಿದ ಕಪ್ಪೆಗಳಲ್ಲಿ ಕೊಟ್ಟಿಗೆಹಾರದ ಹೆಸರು ಹೊತ್ತ ಕಪ್ಪೆಯೂ ಇದೆ. ಹಿಂಗಾಲು ಚಾಚಿ ಬೀಸಿ ಸನ್ನೆ ಮಾಡುವ ಕಪ್ಪೆಗಳ ಗುಂಪಿನದು ಅದು. ರಾವ್ ಕೂಡಿಟ್ಟಿದ್ದ ಮಾದರಿಗಳು ಆಮೇಲೆ ಕಳೆದುಹೋದವು. ಇದು ದೊಡ್ಡ ನಷ್ಟ. ಮುಂದೆ ಬಂದ ಸಂಶೋಧಕರು ಅವರ ಕಪ್ಪೆಗಳನ್ನು ಮತ್ತೆ ಅದೇ ಹಳ್ಳಕೊಳ್ಳಗಳಲ್ಲಿ ಹುಡುಕಬೇಕಾಯಿತು.

ಹಳೆಯ ಕುಲದಿಂದ ಈ ಪೊದೆಗಪ್ಪೆಗಳನ್ನು ಬೇರೆ ಮಾಡಿ 2010ರಲ್ಲಿ ಹೊಸ ಕುಲ ಕಟ್ಟಿದಾಗ ಅದಕ್ಕೆ ರಾವ್ ಅವರ ಹೆಸರು ಸೇರಿಸಿದರು. ಓರ್ಕೆಸ್ಟಿಸ್ ಅಂದರೆ ಗ್ರೀಕಿನಲ್ಲಿ ಕುಣಿಯುವವ. ಆ ಲೇಖನ ಅಚ್ಚಾದದ್ದು ಬೆಂಗಳೂರಿನಿಂದ ಹೊರಡುವ ಕರೆಂಟ್ ಸೈನ್ಸ್ ಪತ್ರಿಕೆಯಲ್ಲಿ. 1932ರಲ್ಲಿ ಆ ಪತ್ರಿಕೆ ಶುರುವಾದಾಗ ಅದರ ಸಂಪಾದಕರು ಇದೇ ನಾರಾಯಣ ರಾವ್. ಅವರು ಕಟ್ಟಿದ ಪತ್ರಿಕೆಯಲ್ಲೇ, 78 ವರ್ಷಗಳ ಮೇಲೆ, ಅವರ ಹೆಸರು ಹೊತ್ತ ಕಪ್ಪೆ ಹುಟ್ಟಿತು. ಆನಮುಡಿಯ ಕಪ್ಪೆ ಆ ಲೇಖನದ್ದೇ ಕೂಸು.

740 ಎಕರೆ

ಮೊದಲು ಕಂಡಾಗ ಈ ಕಪ್ಪೆಯ ನೆಲೆ ಅಂತ ಲೆಕ್ಕ ಹಾಕಿದ್ದು ಆನಮುಡಿಯ ನೆತ್ತಿಯ 3 ಚದರ ಕಿಲೋಮೀಟರಿಗೂ ಕಡಿಮೆ ಜಾಗ. ನಮ್ಮ ಲೆಕ್ಕದಲ್ಲಿ ಸುಮಾರು 740 ಎಕರೆ. ಗದಗ ಕಡೆಯ ಒಂದು ಸಣ್ಣ ಊರಿನ ಹೊಲಗಳೆಲ್ಲ ಸೇರಿದರೆ ಅಷ್ಟಾಗುತ್ತದೆ. ಬೆಳೆದ ಕಪ್ಪೆಗಳು 300ರೊಳಗೆ ಇರಬಹುದು ಅಂತಲೂ ಆಗ ಅಂದಾಜು ಮಾಡಿದ್ದರು. ಆಮೇಲಿನ ಹುಡುಕಾಟದಲ್ಲಿ ಅದೇ ಇರವಿಕುಳಂ ರಾಷ್ಟ್ರೀಯ ಉದ್ಯಾನದ ಬೇರೆ ಕಡೆಗಳಲ್ಲೂ ಸಿಕ್ಕಿತು. ಸಮಾಧಾನದ ಸುದ್ದಿಯೇ. ಆದರೂ ಇಡೀ ಉದ್ಯಾನವೇ 97 ಚದರ ಕಿಲೋಮೀಟರ್. ಇಡೀ ಜಗತ್ತಿನಲ್ಲಿ ಈ ಕಪ್ಪೆಗೆ ಇರುವುದು ಆ ಒಂದು ಬೆಟ್ಟಸಾಲಿನ ಎತ್ತರದ ಹುಲ್ಲು ಮಾತ್ರ. ಅಳಿವಿನಂಚಿನ ಪಟ್ಟಿಯ ಅತಿ ಗಂಭೀರ ದರ್ಜೆಯಲ್ಲಿ ಇದರ ಹೆಸರು ಸೇರಿತು.

ಆ ಹುಲ್ಲು ಉಳಿದದ್ದೂ ಒಂದು ಅದೃಷ್ಟ. ಸುತ್ತಲಿನ ಬೆಟ್ಟಗಳೆಲ್ಲ ಚಹಾ ತೋಟವಾದಾಗ ಈ ಎತ್ತರದ ಬಯಲನ್ನು ತೋಟದ ದೊರೆಗಳು ಬೇಟೆಗೆ ಅಂತ ಬಿಟ್ಟುಕೊಂಡಿದ್ದರು. 1975ರಲ್ಲಿ ಅದು ಅಭಯಾರಣ್ಯವಾಯಿತು, 1978ರಲ್ಲಿ ರಾಷ್ಟ್ರೀಯ ಉದ್ಯಾನ. ಬಂಡೆ ಹತ್ತುವ ಕಾಡಾಡು, ನೀಲಗಿರಿ ತಾರ್, ಅದನ್ನು ಕಾಪಾಡುವುದೇ ಗುರಿಯಾಗಿತ್ತು. ಕಪ್ಪೆ ಯಾರಿಗೂ ಗೊತ್ತೇ ಇರಲಿಲ್ಲ. ಆಡಿಗಾಗಿ ಉಳಿಸಿದ ಹುಲ್ಲಿನಲ್ಲಿ ಕಪ್ಪೆಯೂ ಉಳಿಯಿತು.

ಬೇರೆ ಬೆಟ್ಟಗಳಲ್ಲಿ ಹೀಗಾಗಲಿಲ್ಲ. ನೀಲಗಿರಿ, ಪಳನಿ ಬೆಟ್ಟಗಳ ಹುಲ್ಲಿನ ಮೇಲೆ ಬ್ರಿಟಿಷರ ಕಾಲದಲ್ಲೂ, ಸ್ವಾತಂತ್ರ್ಯ ಬಂದ ಮೇಲೂ ಅಕೇಶಿಯಾ ಜಾತಿಯ ವಾಟಲ್, ನೀಲಗಿರಿ, ಪೈನ್ ಮರಗಳನ್ನು ಸಾಲುಸಾಲಾಗಿ ನೆಟ್ಟರು. ಸೌದೆಗೆ, ಕಾಗದಕ್ಕೆ, ಚರ್ಮ ಹದ ಮಾಡುವ ತೊಗಟೆಗೆ. ಹಿಮಕ್ಕೆ ಶೋಲಾ ಮರದ ಸಸಿ ಸಾಯುತ್ತದೆ, ಆದರೆ ತಂಪು ದೇಶದಿಂದ ತಂದ ಈ ಮರಗಳು ಸಾಯಲಿಲ್ಲ. ವಾಟಲ್ ತಾನಾಗಿಯೇ ಬೀಜ ಬಿಟ್ಟು ಹುಲ್ಲನ್ನು ನುಂಗುತ್ತಾ ಹೋಯಿತು. ಪಳನಿ ಬೆಟ್ಟಗಳಲ್ಲಿ ನಾಲ್ಕು ದಶಕಗಳಲ್ಲಿ ಹುಲ್ಲುಗಾವಲಿನ ಮೂರನೇ ಎರಡು ಭಾಗ ಹೋಯಿತು ಅಂತ 2018ರ ಒಂದು ಅಧ್ಯಯನ ಉಪಗ್ರಹ ಚಿತ್ರಗಳಿಂದ ತೋರಿಸಿತು. ಅಲ್ಲಿ ಹುಲ್ಲು ಹೋದದ್ದು ಮರ ನೆಟ್ಟದ್ದರಿಂದ ಮತ್ತು ಬೇಸಾಯದಿಂದ. ಮರ ನೆಟ್ಟರೆ ಒಳ್ಳೆಯದೇ ಅಂತ ಶಾಲೆಯಲ್ಲಿ ಕಲಿತ ನಮಗೆ ಇದು ತಟ್ಟನೆ ಒಪ್ಪಿಗೆಯಾಗುವುದಿಲ್ಲ. ನನಗೂ ಆಗಿರಲಿಲ್ಲ. ಆದರೆ ಹುಲ್ಲಿನ ಮೇಲೆ ನೆಟ್ಟ ಮರ ಹುಲ್ಲಿನ ಜೀವಿಗಳಿಗೆ ನೆರಳಲ್ಲ, ಗೋರಿ.

ಇದನ್ನು ನಂಬಲು ಕೇರಳಕ್ಕೆ ಹೋಗಬೇಕಾಗಿಲ್ಲ. ಹುಬ್ಬಳ್ಳಿ ಧಾರವಾಡದ ನಡುವೆ ದಿನವೂ ಓಡುವ ಬಸ್ಸಿಗೆ ಚಿಗರಿ ಅಂತ ಹೆಸರಿಟ್ಟಿದ್ದೇವೆ. ಚಿಗರಿ, ಅಂದರೆ ಕೃಷ್ಣಮೃಗ, ಬಯಲು ಹುಲ್ಲಿನ ಪ್ರಾಣಿ. ದೂರದವರೆಗೆ ಕಣ್ಣು ಹಾಯಬೇಕು, ಅಪಾಯ ಕಂಡರೆ ಓಡಲು ಬಯಲು ಬೇಕು. ಹಾವೇರಿ ಜಿಲ್ಲೆಯ ರಾಣೆಬೆನ್ನೂರಿನಲ್ಲಿ ಚಿಗರಿಗಾಗಿ ಅಂತಲೇ 119 ಚದರ ಕಿಲೋಮೀಟರ್ ಅಭಯಾರಣ್ಯ ಇದೆ. ಅದರ ದೊಡ್ಡ ಭಾಗದಲ್ಲಿ ನಿಂತಿರುವುದು ನೀಲಗಿರಿ ನೆಡುತೋಪು. ನಮ್ಮ ಊರುಗಳ ಗಾಯರಾಣಗಳನ್ನೂ ಕಾಗದದ ಮೇಲೆ ಪಡಾ, ಹಾಳು ಅಂತ ಬರೆಯುವುದನ್ನು ನೋಡಿದ್ದೇನೆ. ಕಾಕಾರ ಊರಿನ ಗಾಯರಾಣದಲ್ಲಿ ಬೇಸಿಗೆಯೆಲ್ಲ ಮಣ್ಣೊಳಗೆ ಮಲಗಿದ್ದು ಮೊದಲ ಮಳೆಗೆ ಏಳುವ ಬಿಲಗಪ್ಪೆಗಳಿವೆ. ಅವು ಹಾಳು ಜಾಗದಲ್ಲಿ ಮಲಗಿಲ್ಲ.

ಆನಮುಡಿಯ ನೆತ್ತಿಗೆ ಈಗ ಗುದ್ದಲಿ ಹಿಡಿದು ಯಾರೂ ಹೋಗುವುದಿಲ್ಲ. ಅಲ್ಲಿಗೆ ಬರುವ ಕಷ್ಟ ಬೇರೆ. ಕಣದಲ್ಲಿ ಜೋಳದ ರಾಶಿ ನೆನಪಿಸಿಕೊಳ್ಳಿ. ಬುಡ ಅಗಲ, ಮೇಲೆ ಹೋದ ಹಾಗೆ ಕಿರಿದು, ತುದಿಯಲ್ಲಿ ಒಂದು ಹಿಡಿ ಕಾಳು. ಗುಡ್ಡವೂ ಹಾಗೇ. ಭೂಮಿಯ ಬಿಸಿ ಒಂದು ಡಿಗ್ರಿ ಏರಿದರೆ, ಮೊದಲಿನ ತಂಪೇ ಬೇಕು ಅನ್ನುವ ಜೀವಿ ಸುಮಾರು 150 ಮೀಟರ್ ಮೇಲೆ ಹತ್ತಬೇಕು. ನಡುಗುಡ್ಡದ ಜೀವಿಗೆ ಹತ್ತಲು ಜಾಗ ಇದೆ, ಆದರೆ ಹತ್ತಿದಷ್ಟೂ ಜಾಗ ಕಿರಿದಾಗುತ್ತದೆ. ನೆತ್ತಿಯ ಕಪ್ಪೆಗೆ ಮೇಲೆ ಆಕಾಶ ಮಾತ್ರ ಇದೆ. ಅದಕ್ಕಿಂತ ನನಗೆ ಹೆಚ್ಚು ಚಿಂತೆ ಮಂಜಿನದ್ದು. ಬಿಸಿ ಏರಿದರೆ ಮೋಡ ಕೂರುವ ಎತ್ತರವೂ ಏರುತ್ತದೆ. ಬಿದಿರು ಮೆಳೆಯ ಬುಡದ ಮೊಟ್ಟೆಗೆ ಮಂಜು ತಪ್ಪಿದರೆ ಆ ವರ್ಷದ ಮರಿಗಳಿಗೇ ಕುತ್ತು.

ಜಗತ್ತಿನಾದ್ಯಂತ ಕಪ್ಪೆಗಳೂ ಅವುಗಳ ಬಳಗದ ಉಭಯಜೀವಿಗಳೂ ಹೀಗೇ ಸೋಲುತ್ತಿವೆ. 2023ರ ಲೆಕ್ಕದ ಪ್ರಕಾರ 100ರಲ್ಲಿ 41 ಪ್ರಭೇದಗಳು ಅಳಿವಿನ ಭಯದಲ್ಲಿವೆ. ಹಕ್ಕಿಗಳಿಗಿಂತ, ಮೊಲೆಯುಣಿಸುವ ಪ್ರಾಣಿಗಳಿಗಿಂತ ಇದು ಜಾಸ್ತಿ. ನೀರನ್ನೂ ಗಾಳಿಯನ್ನೂ ಚರ್ಮದಿಂದಲೇ ಒಳಗೆ ತೆಗೆದುಕೊಳ್ಳುವ ಜೀವಕ್ಕೆ ನೀರು, ಗಾಳಿ ಕೆಟ್ಟರೆ ಮೊದಲ ಪೆಟ್ಟು ಬೀಳುವುದು ಸಹಜ.

ಹೊತ್ತು ಮುಳುಗಿತ್ತು. ಹೊಂಡದ ಕೂಗು ಇನ್ನೂ ಜೋರಾಗಿತ್ತು.

"ಆ ಗುಡ್ಡಾ ನೋಡಾಕ ಬಿಡ್ತಾರೇನು?" ಕೇಳಿದರು ಕಾಕಾ.

ನೆತ್ತಿಗೆ ಬಿಡುವುದಿಲ್ಲ, ಅದು ಒಳ್ಳೆಯದೇ. ಉದ್ಯಾನದ ರಾಜಮಲೆ ಕಡೆ ಪ್ರವಾಸಿಗರಿಗೆ ಜಾಗ ಇದೆ. ಅಲ್ಲಿಂದ ಹುಲ್ಲಿನ ಬೆಟ್ಟಗಳೂ, ಬಂಡೆ ಮೇಲೆ ನಿಂತ ತಾರ್‌ಗಳೂ ಕಾಣುತ್ತವೆ. ತಾರ್ ಮರಿ ಹಾಕುವ ಹೊತ್ತಿಗೆ, ಸಾಮಾನ್ಯವಾಗಿ ಫೆಬ್ರುವರಿ ಮಾರ್ಚಿನಲ್ಲಿ, ಉದ್ಯಾನ ಮುಚ್ಚಿರುತ್ತದೆ. ಕಪ್ಪೆ ಕಾಣುವುದಿಲ್ಲ. ಅದು ಮಂಜಿನೊಳಗೆ, ತನ್ನ ಮೆಳೆಯ ಬುಡದಲ್ಲಿ ಇರುತ್ತದೆ. ಅದೇ ಹುಲ್ಲಿನ ನಡುವೆ ನೀಲಕುರಿಂಜಿ ಇದೆ. 12 ವರ್ಷಕ್ಕೊಮ್ಮೆ ಹೂ ಬಿಟ್ಟು ಬೆಟ್ಟವನ್ನೆಲ್ಲ ನೀಲಿ ಮಾಡುತ್ತದೆ. ಹಿಂದಿನ ಸಲ ಅರಳಿದ್ದು 2018ರಲ್ಲಿ.

ಕಾಕಾ ಬೆರಳು ಮಡಚಿ ಲೆಕ್ಕ ಹಾಕಿದರು. "ಅಂದ್ರ 2030. ಆವಾಗ ನನಗ ಎಂಬತ್ತೊಂದು." ಸ್ವಲ್ಪ ಹೊತ್ತು ಹೊಂಡದ ಕಡೆ ನೋಡಿದರು. "ಹೋಗೂಣು. ಬುತ್ತಿ ನಾ ಕಟ್ಟಿಸಿಕೊಂಡು ಬರ್ತೇನಿ."